ಪಟ್ಟಾ ಜಾರಬಾರದು: ಸಿವಿಟಿ ಗೇರ್‌ಬಾಕ್ಸಿನ ಎಣ್ಣೆಯ ಬಗ್ಗೆ ಓದುಗರ ಪ್ರಶ್ನೆಗಳು

ಈ ಸಲ ಬಂದ ಪತ್ರಗಳಲ್ಲಿ ನಾಲ್ಕು ಪತ್ರಗಳು ಒಂದೇ ವಿಷಯವನ್ನು ಬೇರೆ ಬೇರೆ ಕಡೆಯಿಂದ ಕೇಳಿರುವುದರಿಂದ ಉಳಿದವನ್ನು ಮುಂದಿನ ಸಂಚಿಕೆಗೆ ಇರಿಸಿಕೊಂಡು, ಅಂಕಣವನ್ನು ಪೂರ್ತಿಯಾಗಿ ಸಿವಿಟಿ ಗೇರ್‌ಬಾಕ್ಸಿನ ಎಣ್ಣೆಗೇ ಮೀಸಲಿಟ್ಟಿದ್ದೇನೆ. ಸಿವಿಟಿಯೆಂದರೆ ಗೇರುಗಳ ಮೆಟ್ಟಿಲಿಲ್ಲದೆ ವೇಗದ ಅನುಪಾತವನ್ನು ತಾನಾಗಿಯೇ ಬದಲಿಸುವ ಗೇರ್‌ಬಾಕ್ಸು. ಪತ್ರ ಬರೆದವರ ಹೆಸರುಗಳನ್ನು ಅವರ ಕೋರಿಕೆಯಂತೆ ಬಿಟ್ಟಿದ್ದೇನೆ.

ಪ್ರಶ್ನೆ: ಮಾನ್ಯರೇ, ನಾನು ಬಾಗಲಕೋಟೆಯ ನವನಗರದಲ್ಲಿರುವ ಬ್ಯಾಂಕ್ ಉದ್ಯೋಗಿ. ನನ್ನ ಸಿವಿಟಿ ಗೇರ್‌ಬಾಕ್ಸಿನ ಪೆಟ್ರೋಲ್ ಕಾರು ಏಳು ವರ್ಷಗಳಲ್ಲಿ 62,000 ಕಿ.ಮೀ. ಓಡಿದೆ. ಹೆಚ್ಚಿನದು ಊರೊಳಗಿನ ಓಡಾಟ. ಆಗಾಗ ಮುಧೋಳದಲ್ಲಿರುವ ಅಕ್ಕನ ಮನೆಗೆ ಹೋಗಿ ಬರುವುದುಂಟು. ಗೇರ್‌ಬಾಕ್ಸಿನ ಎಣ್ಣೆಯನ್ನು ಇದುವರೆಗೆ ಒಮ್ಮೆಯೂ ಬದಲಿಸಿಲ್ಲ. ಸರ್ವೀಸ್ ಸೆಂಟರಿನವರು ಅದು ಗಾಡಿಯ ಆಯುಷ್ಯದುದ್ದಕ್ಕೂ ಬಾಳುವ ಎಣ್ಣೆ, ಮುಟ್ಟಬೇಡಿ ಎನ್ನುತ್ತಾರೆ. ಪರಿಚಯದ ಮೆಕ್ಯಾನಿಕ್ ಒಬ್ಬರು ಆಟೋಮ್ಯಾಟಿಕ್ ಗಾಡಿಗಳಿಗೆಲ್ಲ ಹಾಕುವ ಕೆಂಪು ಎಟಿಎಫ್ ಎಣ್ಣೆ ಸಾಕು ಎನ್ನುತ್ತಾರೆ. ಆಯಿಲ್ ಅಂಗಡಿಯವರು ಎಲ್ಲ ಸಿವಿಟಿಗಳಿಗೂ ಹೊಂದುವ ಡಬ್ಬಿಯೊಂದನ್ನು ತೋರಿಸಿದರು. ಮೂವರಲ್ಲಿ ಯಾರ ಮಾತು ಸರಿ?

ಉತ್ತರ: ಮೂವರ ಮಾತನ್ನೂ ಇದ್ದ ಹಾಗೆಯೇ ಒಪ್ಪಲಾಗದು. ಮೊದಲು ಮೆಕ್ಯಾನಿಕ್ ಹೇಳಿದ್ದನ್ನು ನೋಡೋಣ, ಏಕೆಂದರೆ ಅತಿ ಹೆಚ್ಚು ಹಾನಿ ಮಾಡಬಲ್ಲ ಸಲಹೆ ಅದೇ. ಅವರ ತಪ್ಪು ನಮ್ಮೆಲ್ಲರ ತಪ್ಪೂ ಹೌದು. ಎಣ್ಣೆಯೆಂದರೆ ಚಕ್ಕಡಿಯ ಅಚ್ಚಿಗೆ ಹಾಕುವ ಕೀಲೆಣ್ಣೆಯಂತೆ ತಿಕ್ಕಾಟವನ್ನು ತಗ್ಗಿಸುವ ವಸ್ತು, ಹೆಚ್ಚು ಜಾರಿದಷ್ಟೂ ಒಳ್ಳೆಯದು ಎಂಬ ಎಣಿಕೆ ನಮ್ಮಲ್ಲಿ ಬೇರೂರಿದೆ. ಸಿವಿಟಿಯ ಮಟ್ಟಿಗೆ ಈ ಎಣಿಕೆ ತಲೆಕೆಳಗಾಗುತ್ತದೆ.

ನೀವು ಹಿಟ್ಟಿನ ಗಿರಣಿಯನ್ನು ನೋಡಿಯೇ ಇರುತ್ತೀರಿ. ಮೋಟಾರಿನಿಂದ ಕಲ್ಲಿಗೆ ಓಡುವ ಪಟ್ಟಾ ಜಾರತೊಡಗಿದರೆ ಗಿರಣಿಯವರು ಅದರ ಒಳಮೈಗೆ ರಾಳ ಹಚ್ಚುತ್ತಿದ್ದರೇ ಹೊರತು ಎಣ್ಣೆ ಹಚ್ಚುವ ಕೆಲಸಕ್ಕೆ ಯಾರೂ ಹೋಗುತ್ತಿರಲಿಲ್ಲ. ಸಿವಿಟಿಯಲ್ಲಿ ಇರುವುದೂ ಎರಡು ರಾಟೆಗಳು ಮತ್ತು ಅವುಗಳ ನಡುವೆ ಒಂದು ಪಟ್ಟಾ. ಇವನ್ನು ನಾವು ಪುಲ್ಲಿ, ಬೆಲ್ಟ್ ಎನ್ನುತ್ತೇವೆ. ಪ್ರತಿ ಪುಲ್ಲಿಯೂ ಎದುರುಬದುರಾಗಿ ಇಟ್ಟ ಎರಡು ಇಳಿಜಾರಾದ ತಟ್ಟೆಗಳಿಂದ ಆಗಿದ್ದು, ತಟ್ಟೆಗಳು ಹತ್ತಿರ ಬಂದರೆ ಬೆಲ್ಟ್ ಅಂಚಿನ ಕಡೆಗೆ ಏರುತ್ತದೆ, ದೂರ ಸರಿದರೆ ನಡುವಿಗೆ ಇಳಿಯುತ್ತದೆ; ಹೀಗೆ ಒಂದರಲ್ಲಿ ಏರಿ ಇನ್ನೊಂದರಲ್ಲಿ ಇಳಿಯುವುದರಿಂದಲೇ ಗೇರುಗಳ ಮೆಟ್ಟಿಲಿಲ್ಲದೆ ವೇಗದ ಅನುಪಾತ ಬದಲಾಗುತ್ತದೆ. ಕಾರುಗಳ ಈ ಬೆಲ್ಟ್ ಸಾಮಾನ್ಯವಾಗಿ ಸುಮಾರು 400 ಉಕ್ಕಿನ ತುಣುಕುಗಳನ್ನು ತೆಳುವಾದ ಉಕ್ಕಿನ ಬಳೆಗಳಿಗೆ ಪೋಣಿಸಿ ಮಾಡಿದ್ದಾಗಿದ್ದು, ಗಿರಣಿಯ ಪಟ್ಟಾದಂತೆ ಎಳೆಯುವ ಬದಲು ತುಣುಕು ತುಣುಕನ್ನು ತಳ್ಳುತ್ತ ಬಲವನ್ನು ಸಾಗಿಸುತ್ತದೆ. ಕೆಲವು ತಯಾರಕರು ಬೆಲ್ಟಿನ ಬದಲು ಸರಪಳಿಯನ್ನು ಬಳಸುತ್ತಾರಾದರೂ ಮೂಲ ತತ್ತ್ವ ಒಂದೇ. ಎಂಜಿನ್ನಿನ ಬಲವೆಲ್ಲ ಉಕ್ಕಿನಿಂದ ಉಕ್ಕಿಗೆ, ಹಲ್ಲುಗಳ ಹಿಡಿತವಿಲ್ಲದೆ, ಕೇವಲ ಒತ್ತಿ ಹಿಡಿದ ಮೇಲ್ಮೈಗಳ ಮೂಲಕ ದಾಟಬೇಕು, ಅದೂ ಎಣ್ಣೆಯಲ್ಲಿ ತೊಯ್ದಿರುವಾಗ.

ಹೀಗಾಗಿ ಸಿವಿಟಿ ಎಣ್ಣೆ ಗಿರಣಿಯ ರಾಳ ಮತ್ತು ಚಕ್ಕಡಿಯ ಕೀಲೆಣ್ಣೆ ಎರಡರ ಕೆಲಸವನ್ನೂ ಒಟ್ಟಿಗೆ ಮಾಡಬೇಕಾಗುತ್ತದೆ. ಬೇರಿಂಗು, ಗೇರುಗಳನ್ನು ಅದು ಸವೆಯದಂತೆ ಕಾಯಬೇಕು. ಅದೇ ವೇಳೆಗೆ ಬೆಲ್ಟ್ ಪುಲ್ಲಿಯ ಮೇಲೆ ಜಾರದಷ್ಟು ಹಿಡಿತವನ್ನೂ ಉಳಿಸಬೇಕು. ಪುಲ್ಲಿಯ ತಟ್ಟೆಗಳನ್ನು ಒತ್ತಿ ಹಿಡಿಯುವುದು ಕೂಡ ಅದೇ ಎಣ್ಣೆಯ ಒತ್ತಡ. ನಿಮ್ಮ ಟೈರಿನಲ್ಲಿ 2 ಬಾರ್‌ಗಿಂತ (ಬಾರ್ ಎಂಬುದು ಒತ್ತಡದ ಅಳತೆ) ಸ್ವಲ್ಪ ಹೆಚ್ಚು ಗಾಳಿಯ ಒತ್ತಡವಿದ್ದರೆ, ಗೇರ್‌ಬಾಕ್ಸಿನ ಪಂಪು ಎಣ್ಣೆಗೆ ಹತ್ತಾರು ಬಾರ್ ಒತ್ತಡವನ್ನು ಕೊಡುತ್ತದೆ. ಇವುಗಳ ಜೊತೆಗೆ ಶಾಖವನ್ನು ಹೊತ್ತೊಯ್ಯುವ ಕೆಲಸ, ಎಂಜಿನ್ನಿನ ಬಲವನ್ನು ಎಣ್ಣೆಯ ಮೂಲಕ ಗೇರ್‌ಬಾಕ್ಸಿಗೆ ದಾಟಿಸುವ ಟಾರ್ಕ್ ಕನ್ವರ್ಟರಿನೊಳಗಿನ ಕ್ಲಚ್ ನಡುಗದಂತೆ ಕೂಡಿಕೊಳ್ಳಲು ನೆರವಾಗುವ ಕೆಲಸವೂ ಅದರ ಪಾಲಿಗೇ ಬಂದಿವೆ. ಅದನ್ನು ಎಣ್ಣೆಯೆಂದು ಕರೆಯುವುದಕ್ಕಿಂತ ಗೇರ್‌ಬಾಕ್ಸಿನ ದ್ರವರೂಪದ ಬಿಡಿಭಾಗವೆಂದು ಕರೆದರೆ ಹೆಚ್ಚು ಸರಿಯಾದೀತು ಎಂದು ನನಗೆ ಅನಿಸುತ್ತದೆ.

ಎಟಿಎಫ್ ಹಾಗಲ್ಲ. ಸಾಮಾನ್ಯ ಆಟೋಮ್ಯಾಟಿಕ್ ಗೇರ್‌ಬಾಕ್ಸಿನಲ್ಲಿ ಕಾಗದದಂಥ ಪದರ ಅಂಟಿಸಿದ ಕ್ಲಚ್ ಪ್ಲೇಟುಗಳು ಗೇರು ಬದಲಾಗುವಾಗ ಒಂದಿಷ್ಟು ಜಾರುತ್ತ, ಎಳೆತವಿಲ್ಲದೆ ನಯವಾಗಿ ಕೂಡಿಕೊಳ್ಳಬೇಕಾಗಿರುವುದರಿಂದ ಅದರ ಎಣ್ಣೆಯಲ್ಲಿ ಆ ನಯಕ್ಕೆ ಬೇಕಾದ ರಾಸಾಯನಿಕಗಳನ್ನೇ ಬೆರೆಸಿರುತ್ತಾರೆ. ಅದನ್ನು ಸಿವಿಟಿಗೆ ಸುರಿದರೆ ಮೊದಲ ದಿನವೇ ಕಾರು ನಿಲ್ಲುತ್ತದೆಂದು ತಿಳಿಯಬೇಡಿ. ನಿಂತಿದ್ದರೆ ಚೆನ್ನಾಗಿತ್ತು, ಕೂಡಲೇ ಗೊತ್ತಾಗುತ್ತಿತ್ತು. ಏರಿನಲ್ಲಿ ಆಕ್ಸಿಲರೇಟರನ್ನು ಪೂರ್ತಿ ತುಳಿದಾಗ ಬೆಲ್ಟ್ ಕಣ್ಣು ಮಿಟುಕಿಸುವಷ್ಟು ಹೊತ್ತು ಜಾರುತ್ತದೆ, ಪುಲ್ಲಿಯ ಮೇಲೆ ಗೀರು ಬೀಳುತ್ತದೆ, ಗೀರಿನಿಂದ ಲೋಹದ ಪುಡಿ ಉದುರುತ್ತದೆ, ಆ ಪುಡಿ ಎಣ್ಣೆಯ ಒತ್ತಡವನ್ನು ಹಂಚುವ ವಾಲ್ವ್ ಬಾಡಿಯ ಸಣ್ಣ ದಾರಿಗಳಿಗೆ ಹೊಕ್ಕು ಒತ್ತಡವನ್ನೇ ಏರುಪೇರು ಮಾಡುತ್ತದೆ. ಗೀರು ಬಿದ್ದ ಪುಲ್ಲಿ ಮತ್ತೆ ಯಾವ ಎಣ್ಣೆಯಿಂದಲೂ ನಯವಾಗದು.

ಇನ್ನು ಅಂಗಡಿಯವರು ತೋರಿಸಿದ ಡಬ್ಬಿ. ಸಿವಿಟಿ ಎಣ್ಣೆಗಳಿಗೆ ಎಲ್ಲ ಕಂಪನಿಗಳೂ ಒಪ್ಪಿದ ಒಂದೇ ಮಾನದಂಡವಿಲ್ಲ; ತಯಾರಕರು ತಮ್ಮ ತಮ್ಮ ಸಂಕೇತಗಳನ್ನು ಇಟ್ಟುಕೊಂಡಿದ್ದಾರೆ. ನಿಸಾನ್‌ನಲ್ಲಿ ಹಳೆಯದು ಎನ್‌ಎಸ್-2, ಅನಂತರದ್ದು ಎನ್‌ಎಸ್-3. ಟೊಯೋಟಾದಲ್ಲಿ ಟಿಸಿ ಮತ್ತು ಅದಕ್ಕಿಂತ ತೆಳುವಾದ ಎಫ್‌ಇ. ಹೋಂಡಾದ ಹಳೆಯ ಸಿವಿಟಿಗಳಿಗೆ ಎಚ್‌ಎಂಎಂಎಫ್, ಟಾರ್ಕ್ ಕನ್ವರ್ಟರ್ ಇರುವ ಹೊಸ ಸಿವಿಟಿಗಳಿಗೆ ಎಚ್‌ಸಿಎಫ್-2. ಒಂದೇ ಕಂಪನಿಯವಾದರೂ ಇವೆರಡರಲ್ಲಿ ಒಂದರ ಜಾಗಕ್ಕೆ ಇನ್ನೊಂದು ನಡೆಯುವುದಿಲ್ಲ. ಎಲ್ಲಕ್ಕೂ ಹೊಂದುತ್ತದೆಂದು ಬರೆದ ಡಬ್ಬಿಗಳಲ್ಲಿ ಒಳ್ಳೆಯ ಎಣ್ಣೆಗಳೂ ಇವೆ. ಆದರೆ ‘ಇಂಥ ಸಂಕೇತದ ಎಣ್ಣೆಯನ್ನು ಕೇಳುವ ಗಾಡಿಗಳಿಗೆ ಬಳಸಬಹುದು’ ಎಂಬುದು ಎಣ್ಣೆ ಮಾರುವವರ ಮಾತಾಗಿರುತ್ತದೆ, ಕಾರು ಮಾಡಿದವರ ಒಪ್ಪಿಗೆಯಲ್ಲ. ಒಮ್ಮೆಗೆ ಬೇಕಾಗುವುದು ಮೂರು ನಾಲ್ಕು ಲೀಟರು ಮಾತ್ರ. ಅದರಲ್ಲಿ ಉಳಿಸುವ ಹಣವನ್ನು ಹೊಸ ಗೇರ್‌ಬಾಕ್ಸಿನ ಬೆಲೆಯೊಂದಿಗೆ ಹೋಲಿಸಿ ನೋಡಿದ ಮೇಲೆ ನಾನಂತೂ ಮಾಲೀಕರ ಕೈಪಿಡಿಯಲ್ಲಿ ಅಚ್ಚಾದ ಸಂಕೇತವನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಿ, ಕಾರಿನ ಕಂಪನಿಯದೇ ಸೀಲ್ ಒಡೆಯದ ಡಬ್ಬಿಯನ್ನು ಕೊಳ್ಳುತ್ತೇನೆ. ಬಣ್ಣವನ್ನು ನಂಬಬೇಡಿ. ಎಟಿಎಫ್‌ಗೆ ಕೆಂಪು ಬಣ್ಣ ಬೆರೆಸುವುದು ಸೋರಿಕೆಯಾದಾಗ ಎಂಜಿನ್ ಆಯಿಲಿನಿಂದ ಬೇರೆಯಾಗಿ ಕಾಣಲಿ ಎಂದು. ಗುಣಕ್ಕೂ ಬಣ್ಣಕ್ಕೂ ನಂಟಿಲ್ಲ.

ಆಯುಷ್ಯದುದ್ದಕ್ಕೂ ಬಾಳುವ ಎಣ್ಣೆ ಎಂಬ ಮಾತಿಗೆ ಬರೋಣ. ಯಾರ ಆಯುಷ್ಯ ಎಂಬುದನ್ನು ಅವರು ಹೇಳುವುದಿಲ್ಲ. ಹಲವು ಕೈಪಿಡಿಗಳ ಸರ್ವೀಸ್ ಪಟ್ಟಿಯಲ್ಲಿ ಸಾಧಾರಣ ಬಳಕೆಗೆ ಒಂದು, ಕಠಿಣ ಬಳಕೆಗೆ ಇನ್ನೊಂದು ಎಂದು ಎರಡು ಲೆಕ್ಕಗಳಿರುತ್ತವೆ, ಮತ್ತು ಕಠಿಣ ಬಳಕೆಯೆಂದು ಅಲ್ಲಿ ವಿವರಿಸಿರುವುದು ಬಹುಮಟ್ಟಿಗೆ ನಮ್ಮ ನಿತ್ಯದ ಬಳಕೆಯನ್ನೇ: ಬಿರುಬೇಸಿಗೆ, ಧೂಳು, ನಿಂತು ನಿಂತು ಸಾಗುವುದು, ಘಟ್ಟದ ಏರು. ಕಬ್ಬು ನುರಿಸುವ ಹಂಗಾಮಿನಲ್ಲಿ ಮುಧೋಳದ ದಾರಿಯಲ್ಲಿ ಜೋಡಿ ಟ್ರೇಲರಿನ ಟ್ರ್ಯಾಕ್ಟರುಗಳ ಹಿಂದೆ ಮೈಲುಗಟ್ಟಲೆ ತೆವಳಿದ ಅನುಭವ ನಿಮಗೂ ಇರಬೇಕು. ಅಂಥ ಹೊತ್ತಿನಲ್ಲಿ ರೇಡಿಯೇಟರಿಗೆ ಗಾಳಿ ಸಾಲದೆ ಗೇರ್‌ಬಾಕ್ಸಿನ ಎಣ್ಣೆ ಕಾಯುತ್ತದೆ. ಕಾವು ಪ್ರತಿ 10 ಡಿಗ್ರಿ ಏರಿದಾಗ ಎಣ್ಣೆ ಗಾಳಿಯೊಂದಿಗೆ ಬೆರೆತು ಕೆಡುವ ವೇಗ ಸುಮಾರು ಇಮ್ಮಡಿಯಾಗುತ್ತದೆಂಬುದು ಎಣ್ಣೆಯ ವಿಷಯ ಬಲ್ಲವರ ಸ್ಥೂಲ ಲೆಕ್ಕ. ಆದ್ದರಿಂದ ಕೈಪಿಡಿ ಇನ್ನೂ ಕಡಿಮೆ ಹೇಳಿದ್ದರೆ ಅದನ್ನೇ ಪಾಲಿಸಿ, ಏನೂ ಹೇಳದಿದ್ದರೆ 40,000 ಕಿ.ಮೀ. ಅಥವಾ ನಾಲ್ಕು ವರ್ಷ, ಯಾವುದು ಮೊದಲೋ ಅದನ್ನು ಹಿಡಿಯಿರಿ ಎಂದು ನಮ್ಮ ಕಡೆಯವರಿಗೆ ನಾನು ಹೇಳುತ್ತ ಬಂದಿದ್ದೇನೆ.

ನಿಮ್ಮ ಗಾಡಿ ಆ ಗಡಿಯನ್ನು ದಾಟಿರುವುದರಿಂದ ಈಗಲೇ ಬದಲಿಸಿ. ಆದರೆ ಒಂದೇ ಸಲಕ್ಕೆ ಎಲ್ಲವೂ ಹೊಸದಾಗುತ್ತದೆಂದು ಎಣಿಸಬೇಡಿ. ಡ್ರೇನ್ ಬೋಲ್ಟ್ ಬಿಚ್ಚಿದಾಗ ಗೇರ್‌ಬಾಕ್ಸಿನ ತಳದಲ್ಲಿರುವ ಎಣ್ಣೆಯ ತಟ್ಟೆಯಲ್ಲಿರುವುದಷ್ಟೇ ಇಳಿಯುತ್ತದೆ, ಟಾರ್ಕ್ ಕನ್ವರ್ಟರ್ ಮತ್ತು ಕೂಲರಿನಲ್ಲಿರುವುದು ಅಲ್ಲಿಯೇ ಉಳಿಯುತ್ತದೆ. ಒಟ್ಟು 7 ಲೀಟರಿನಲ್ಲಿ 3.5 ಲೀಟರು ಇಳಿಯುತ್ತದೆಂದು ಇಟ್ಟುಕೊಂಡರೆ ಮೊದಲ ಸಲ ಅರ್ಧ ಹೊಸದಾಗುತ್ತದೆ, ಎರಡನೆಯ ಸಲ ಮುಕ್ಕಾಲು ಭಾಗ, ಮೂರನೆಯ ಸಲ ನೂರಕ್ಕೆ 87ರಷ್ಟು. ಒಮ್ಮೆ ಬದಲಿಸಿ, ಒಂದೆರಡು ಸಾವಿರ ಕಿ.ಮೀ. ಓಡಿಸಿ, ಮತ್ತೊಮ್ಮೆ ಬದಲಿಸಿದರೆ ನಿಮ್ಮ ಮಟ್ಟಿಗೆ ಸಾಕು. ಯಂತ್ರ ಜೋಡಿಸಿ ಒತ್ತಡದಿಂದ ಫ್ಲಶ್ ಮಾಡುತ್ತೇವೆ ಎಂದವರಿಗೆ, ತಯಾರಕರು ಆ ವಿಧಾನವನ್ನು ಹೇಳಿಲ್ಲದಿದ್ದರೆ, ನಮಸ್ಕಾರ ಹೇಳಿ ಬನ್ನಿ.

ಪ್ರಶ್ನೆ: ನಾನು ವಿಜಯಪುರದ ನಿವೃತ್ತ ಶಿಕ್ಷಕ. ಕಳೆದ ಏಪ್ರಿಲ್‌ನಲ್ಲಿ ಸಿವಿಟಿ ಎಣ್ಣೆಯನ್ನು ಇಲ್ಲಿಯ ಒಂದು ಗ್ಯಾರೇಜಿನಲ್ಲಿ ಮಧ್ಯಾಹ್ನದ ಹೊತ್ತಿನಲ್ಲಿ ಬದಲಿಸಿದೆ. ಎಣ್ಣೆ ಕಂಪನಿಯದೇ, ನಾನೇ ಕೊಂಡು ಒಯ್ದದ್ದು. ಹೊಸದನ್ನು ತುಂಬಿದ ಮೇಲೆ ಹುಡುಗ ಕೆಳಗಿನ ಬೋಲ್ಟೊಂದನ್ನು ಬಿಚ್ಚಿ, ಹೆಚ್ಚಾದದ್ದು ಸುರಿದುಹೋಗಲಿ ಎಂದು ಬಿಟ್ಟು ಮುಚ್ಚಿದ. ಅಂದಿನಿಂದ ಬೆಳಗ್ಗೆ ಗಾಡಿ ಹೊರಡುವಾಗ ಕುಂಯ್ ಎಂಬ ಸದ್ದು ಬರುತ್ತಿದ್ದು, ಡಿ ಹಾಕಿದರೂ ಒಂದು ಕ್ಷಣ ತಡೆದು ಚಲಿಸುತ್ತದೆ. ಎಣ್ಣೆಯೇ ನಕಲಿಯೇ, ಗುರುಗಳೇ?

ಉತ್ತರ: ಗುರುಗಳೆನ್ನಬೇಕಾದವನು ನಾನು, ನೀವಲ್ಲ. ಎಣ್ಣೆಯನ್ನು ಸಂಶಯಿಸುವ ಮೊದಲು ಅದರ ಮಟ್ಟವನ್ನು ಸಂಶಯಿಸಿ, ಏಕೆಂದರೆ ನಿಮ್ಮ ಪತ್ರದಲ್ಲಿಯೇ ಅದರ ಸುಳಿವಿದೆ: ಏಪ್ರಿಲ್, ಮಧ್ಯಾಹ್ನ, ವಿಜಯಪುರ.

ಡಿಪ್‌ಸ್ಟಿಕ್ ಇಲ್ಲದ ಗೇರ್‌ಬಾಕ್ಸುಗಳಲ್ಲಿ ಮಟ್ಟವನ್ನು ನೋಡುವುದು ನೀವು ಕಂಡ ಆ ಕೆಳಗಿನ ಬೋಲ್ಟಿನಿಂದಲೇ. ಅದರ ಒಳಗೆ ನಿಂತ ಕೊಳವೆಯ ಬಾಯಿಗಿಂತ ಮೇಲಿರುವ ಎಣ್ಣೆ ಹೊರಗೆ ಹರಿಯುತ್ತದೆ, ಹರಿವು ತೆಳುವಾದ ತೊಟ್ಟಾಗುವಾಗ ಮಟ್ಟ ಸರಿಯಾಯಿತೆಂದು ಅರ್ಥ. ಆದರೆ ಎಣ್ಣೆ ಕಾದಂತೆ ಹಿಗ್ಗುವುದರಿಂದ ಈ ಪರೀಕ್ಷೆ ಒಂದು ನಿಗದಿತ ಕಾವಿನಲ್ಲಿ ಮಾತ್ರ ನಿಜ ಹೇಳುತ್ತದೆ. ಹಲವು ಮಾದರಿಗಳಲ್ಲಿ ಆ ಕಾವು 40 ಡಿಗ್ರಿಯ ಆಸುಪಾಸಿನಲ್ಲಿರುತ್ತದೆ. ನಿಮ್ಮ ಗಾಡಿಯ ನಿಖರವಾದ ಅಂಕಿ ಅದರ ಸರ್ವೀಸ್ ಪುಸ್ತಕದಲ್ಲಿದೆ. ಗೋಳಗುಮ್ಮಟದ ಊರಿನಲ್ಲಿ ಏಪ್ರಿಲ್ ಮಧ್ಯಾಹ್ನ ಬಯಲ ಗಾಳಿಯೇ 40 ಡಿಗ್ರಿಯಿರುವಾಗ, ಆಗತಾನೆ ಓಡಿ ಬಂದ ಗಾಡಿಯ ಎಣ್ಣೆ 80 ಡಿಗ್ರಿಯಲ್ಲಿದ್ದರೆ ಆಶ್ಚರ್ಯವಿಲ್ಲ. 7 ಲೀಟರು ಎಣ್ಣೆ 40ರಿಂದ 80 ಡಿಗ್ರಿಗೆ ಏರಿದಾಗ ಸುಮಾರು 200 ಮಿ.ಲೀ. ಹಿಗ್ಗುತ್ತದೆ. ಆ ಹಿಗ್ಗಿದ ಪಾಲನ್ನು ಹೆಚ್ಚಾದ ಎಣ್ಣೆಯೆಂದು ಹುಡುಗ ಹೊರಗೆ ಬಿಟ್ಟಿರಬೇಕು. ರಾತ್ರಿ ಗಾಡಿ ತಣಿದ ಮೇಲೆ ಎಣ್ಣೆ ಕುಗ್ಗಿ, ಬೆಳಗ್ಗೆ ಪಂಪು ಎಣ್ಣೆಯ ಜೊತೆಗೆ ಗಾಳಿಯನ್ನೂ ಹೀರತೊಡಗುತ್ತದೆ. ಗಾಳಿ ಬೆರೆತ ಎಣ್ಣೆ ಒತ್ತಡವನ್ನು ಹೊರಲಾರದು. ಕುಂಯ್ ಎನ್ನುವ ಸದ್ದಿಗೂ ಡಿ ಹಾಕಿದಾಗಿನ ತಡೆಗೂ ಇದೇ ಕಾರಣವಿರುವ ಸಾಧ್ಯತೆ ಹೆಚ್ಚು. ಹೆಚ್ಚು ತುಂಬಿದರೂ ಸುಖವಿಲ್ಲ: ತಿರುಗುವ ಭಾಗಗಳು ಎಣ್ಣೆಯನ್ನು ಮಜ್ಜಿಗೆ ಕಡೆದಂತೆ ಕಡೆದು ನೊರೆ ಎಬ್ಬಿಸುತ್ತವೆ, ನೊರೆಯಿಂದಲೂ ಅದೇ ತೊಂದರೆ.

ಮಟ್ಟ ಸರಿಯಾಗುವವರೆಗೆ ಗಾಡಿಯನ್ನು ಹೆಚ್ಚು ಓಡಿಸಬೇಡಿ. ಗ್ಯಾರೇಜು ತೆರೆಯುವ ಹೊತ್ತಿಗೇ, ಗಾಡಿ ರಾತ್ರಿಯೆಲ್ಲ ತಣಿದಿರುವಾಗ, ಸಮತಟ್ಟಾದ ಲಿಫ್ಟಿನ ಮೇಲೆ ಏರಿಸಿ ಮತ್ತೊಮ್ಮೆ ಮಟ್ಟ ಹಿಡಿಸಿ. ಎಂಜಿನ್ ಚಾಲೂ ಇರಬೇಕು. ಬ್ರೇಕ್ ತುಳಿದು ಸೆಲೆಕ್ಟರನ್ನು ಪಿ ಇಂದ ಡಿ ವರೆಗೆ ಪ್ರತಿ ಜಾಗದಲ್ಲಿಯೂ ಕೆಲವು ಸೆಕೆಂಡು ನಿಲ್ಲಿಸಿ ಮತ್ತೆ ಪಿ ಗೆ ತರಬೇಕು. ಎಣ್ಣೆಯ ಕಾವನ್ನು ಕೈಯಿಂದ ಮುಟ್ಟಿ ಅಂದಾಜಿಸದೆ, ಗಾಡಿಯ ಕಂಪ್ಯೂಟರಿಗೆ ಜೋಡಿಸುವ ಸ್ಕ್ಯಾನರಿನಲ್ಲಿ ಓದಬೇಕು. ಸ್ಕ್ಯಾನರ್ ಇಲ್ಲದ ಕಡೆ ಈ ಕೆಲಸವನ್ನು ಮಾಡಿಸಲೇಬೇಡಿ. ಎಷ್ಟು ಇಳಿಯಿತೋ ಅಷ್ಟನ್ನೇ ಅಳೆದು ಹಾಕಿದರಾಯಿತು ಎಂಬ ವಾದವೂ ಇದೆ. ಮೊದಲಿದ್ದ ಮಟ್ಟವೇ ಸರಿಯಿತ್ತೆಂದು ಯಾರು ಬಲ್ಲರು? ಮಟ್ಟ ಸರಿಯಾದ ಮೇಲೂ ಸದ್ದು ಉಳಿದರೆ ಬೇರಿಂಗು, ಪಂಪುಗಳ ಕಡೆಗೆ ನೋಡಬೇಕಾಗುತ್ತದೆ. ಸವೆದದ್ದನ್ನು ಹೊಸ ಎಣ್ಣೆ ಸರಿಮಾಡುವುದಿಲ್ಲ.

ಗ್ಯಾರೇಜಿನ ಹುಡುಗನನ್ನು ನಾನು ಬಯ್ಯಲಾರೆ. ಕೆಲವು ವರ್ಷಗಳ ಹಿಂದೆ ನನ್ನದೇ ಕಾರನ್ನು ಬರಿಯ ಎಂಜಿನ್ ಆಯಿಲ್ ಬದಲಿಸಲು ಬಿಟ್ಟು ಬಂದಿದ್ದೆ. ಕೆಳಗೆ ಹತ್ತಿರ ಹತ್ತಿರ ಇದ್ದ ಎರಡು ಡ್ರೇನ್ ಬೋಲ್ಟುಗಳಲ್ಲಿ ಅವರು ಬಿಚ್ಚಿದ್ದು ಗೇರ್‌ಬಾಕ್ಸಿನದನ್ನು, ತುಂಬಿದ್ದು ಎಂಜಿನ್ನಿಗೆ. ಗಾಡಿ ಗ್ಯಾರೇಜಿನ ಗೇಟು ದಾಟುವುದರೊಳಗೆ ನಿಂತದ್ದರಿಂದ ಬದುಕಿಕೊಂಡಿತು. ಆ ಮೇಲಿಂದ ನಾನು ಕೆಲಸ ನಡೆಯುವಾಗ ಸ್ಟೂಲು ಹಾಕಿಕೊಂಡು ಅಲ್ಲಿಯೇ ಕೂರುತ್ತೇನೆ. ನೀವೂ ಕುಳಿತರೆ ಮೂರು ವಿಷಯಗಳನ್ನು ನೋಡಬಹುದು. ಡ್ರೇನ್ ಬೋಲ್ಟಿನ ವಾಷರ್ ಹೊಸದೇ ಆಗಿರಬೇಕು. ಕೆಳಗಿನ ತಟ್ಟೆಯನ್ನು ಬಿಚ್ಚಿದ್ದಾದರೆ ನೂಲಿನ ವೇಸ್ಟ್ ಬಟ್ಟೆಯಿಂದ ಒರೆಸಕೂಡದು, ಒಂದೆಳೆ ನೂಲು ವಾಲ್ವಿಗೆ ಸಿಕ್ಕಿದರೂ ಸಾಕು ಕೆಲಸ ಕೆಡಲು. ತಟ್ಟೆಯಲ್ಲಿನ ಆಯಸ್ಕಾಂತಕ್ಕೆ ಬೂದು ಬಣ್ಣದ ನುಣುಪಾದ ಕೆಸರಿನಂಥದು ಅಂಟಿದ್ದರೆ ಅದು ಸಹಜ ಸವೆತ. ಬೆರಳಿಗೆ ಚುಚ್ಚುವ ಚಕ್ಕೆಗಳಿದ್ದರೆ ಬೆಲ್ಟ್ ಅಥವಾ ಪುಲ್ಲಿಗೆ ಪೆಟ್ಟಾಗಿದೆ. ಕೆಲವು ಗಾಡಿಗಳ ಕಂಪ್ಯೂಟರು ಎಣ್ಣೆ ಎಷ್ಟು ಹಳಸಿದೆಯೆಂಬ ಲೆಕ್ಕವನ್ನು ಒಳಗೇ ಇಟ್ಟುಕೊಂಡಿರುತ್ತದೆ. ಅಂಥ ಗಾಡಿಯಾದರೆ ಆ ಲೆಕ್ಕವನ್ನು ಸ್ಕ್ಯಾನರಿನಿಂದ ಸೊನ್ನೆಗೆ ತರಿಸಿ.

ಪ್ರಶ್ನೆ: ಗೋಕಾಕದಿಂದ ಬರೆಯುತ್ತಿದ್ದೇನೆ. 2019ರ ಆಗಸ್ಟ್‌ನ ಮಹಾಪೂರದಲ್ಲಿ ನೀರು ಹೊಕ್ಕ ಕಾರುಗಳು ನಮ್ಮ ಕಡೆ ಇಂದಿಗೂ ಕೈ ಬದಲಾಗುತ್ತಿವೆ. ನಾನು ನೋಡುತ್ತಿರುವ ಸಿವಿಟಿ ಕಾರು ಅಂಥದಿರಬಹುದೆಂಬ ಅಳುಕಿದೆ. ಎಣ್ಣೆ ನೋಡಿ ತಿಳಿಯಬಹುದೇ?

ಉತ್ತರ: ಹಸಿ ಗಾಯವಿದ್ದಾಗ ತಿಳಿಯಬಹುದು, ಇಷ್ಟು ವರ್ಷಗಳ ಮೇಲೆ ಎಣ್ಣೆಯೊಂದನ್ನೇ ನಂಬಲಾಗದು. ಗೇರ್‌ಬಾಕ್ಸಿಗೆ ಉಸಿರಾಡಲು ಮೇಲ್ಗಡೆ ಒಂದು ಸಣ್ಣ ರಂಧ್ರವಿರುತ್ತದೆ. ಘಟಪ್ರಭೆಯ ನೀರು ಆ ಮಟ್ಟವನ್ನು ಮುಟ್ಟಿದ್ದರೆ ಒಳಹೊಕ್ಕು ಎಣ್ಣೆಯನ್ನು ಹಾಲು ಬೆರೆಸಿದ ಚಹದ ಬಣ್ಣಕ್ಕೆ ತಿರುಗಿಸಿರುತ್ತದೆ. ಆಗ ಎಂಜಿನ್ ಚಾಲೂ ಮಾಡದೆಯೇ ಎಣ್ಣೆಯನ್ನು ತೆಗೆದವರ ಗಾಡಿಗಳು ಉಳಿದಿರಬಹುದು. ಓಡಿಸಿದವರ ಗಾಡಿಗಳಲ್ಲಿ ಕ್ಲಚ್ ಪದರಗಳ ಅಂಟು ನೀರು ಕುಡಿದು ಸಡಿಲಾಗಿರುತ್ತದೆ, ಬೇರಿಂಗುಗಳಿಗೆ ತುಕ್ಕು ಹತ್ತಿರುತ್ತದೆ. ಮಾರುವವರು ಎಣ್ಣೆಯನ್ನು ಹೊಸದು ಮಾಡಿರುತ್ತಾರಾದ್ದರಿಂದ ಅದು ಥಳಥಳಿಸುತ್ತಿದ್ದರೆ ಸಮಾಧಾನಪಡುವ ಬದಲು, ಯಾವಾಗ, ಎಲ್ಲಿ, ಏಕೆ ಬದಲಿಸಿದಿರಿ ಎಂದು ರಸೀದಿ ಕೇಳಿ. ಸೀಟಿನ ಕೆಳಗಿನ ಬೋಲ್ಟುಗಳ ತುಕ್ಕು, ಸೀಟ್ ಬೆಲ್ಟನ್ನು ಪೂರ್ತಿ ಎಳೆದಾಗ ಕಾಣುವ ಕೆಸರಿನ ಕಲೆ ಸುಳ್ಳು ಹೇಳುವುದಿಲ್ಲ. ಅನಂತರ ಎಣ್ಣೆ ಚೆನ್ನಾಗಿ ಕಾಯುವಷ್ಟು ಹೊತ್ತು, ಮುಕ್ಕಾಲು ಗಂಟೆಯಾದರೂ, ಓಡಿಸಿ ನೋಡಿ. 40ರಿಂದ 60 ಕಿ.ಮೀ. ವೇಗದಲ್ಲಿ ಹಗುರವಾಗಿ ಆಕ್ಸಿಲರೇಟರ್ ಒತ್ತಿದಾಗ ಕಲ್ಲು ಹಾಸಿನ ಮೇಲೆ ಓಡಿದಂತೆ ನಡುಗಿದರೆ ಬಿಟ್ಟುಬಿಡಿ. ಸಿವಿಟಿ ಗಾಡಿ ನೀರಿನಲ್ಲಿ ನಿಂತಾಗಲೂ ಕೆಟ್ಟು ನಿಂತಾಗಲೂ ಮುಂದಿನ ಚಕ್ರಗಳು ನೆಲದ ಮೇಲೆ ಉರುಳುವಂತೆ ಹಗ್ಗ ಕಟ್ಟಿ ಎಳೆಸಬೇಡಿ. ಎಂಜಿನ್ ತಿರುಗದಿದ್ದರೆ ಎಣ್ಣೆಯ ಪಂಪೂ ತಿರುಗದು, ಬೆಲ್ಟ್ ಒಣಗಿಯೇ ಉಜ್ಜುತ್ತದೆ. ಮುಂದಿನ ಚಕ್ರಗಳನ್ನು ಎತ್ತಿ ಅಥವಾ ಗಾಡಿಯನ್ನೇ ಲಾರಿಯ ಮೇಲೆ ಹೇರಿ ಸಾಗಿಸಬೇಕು.

ಪ್ರಶ್ನೆ: ಬೆಳಗಾವಿಯ ಉದ್ಯಮಬಾಗದಲ್ಲಿ ಕೆಲಸ ಮಾಡುತ್ತೇನೆ. ಅಣ್ಣನ ಹೈಬ್ರಿಡ್ ಕಾರಿನ ಮೇಲೆ ಇ-ಸಿವಿಟಿ ಎಂದಿದೆ, ನನ್ನ ಸ್ಕೂಟರಿನದೂ ಸಿವಿಟಿಯೇ ಎನ್ನುತ್ತಾರೆ. ಎರಡಕ್ಕೂ ಸಿವಿಟಿ ಎಣ್ಣೆಯನ್ನೇ ಹಾಕಬೇಕೇ?

ಉತ್ತರ: ಎರಡಕ್ಕೂ ಬೇಡ. ಇ-ಸಿವಿಟಿ ಎಂಬ ಹೆಸರು ಅನುಭವಕ್ಕೆ ಇಟ್ಟದ್ದೇ ಹೊರತು ಯಂತ್ರಕ್ಕಲ್ಲ: ಗೇರು ಬದಲಾದದ್ದು ಗೊತ್ತಾಗದಂತೆ ಸಾಗುತ್ತದೆ, ಆದರೆ ಒಳಗೆ ಬೆಲ್ಟೂ ಇಲ್ಲ, ಹಿಗ್ಗಿ ಕುಗ್ಗುವ ಪುಲ್ಲಿಯೂ ಇಲ್ಲ. ಟೊಯೋಟಾದ ವ್ಯವಸ್ಥೆಯಲ್ಲಿ ಎರಡು ವಿದ್ಯುತ್ ಮೋಟಾರುಗಳು ಮತ್ತು ಗ್ರಹಗಳಂತೆ ಸುತ್ತುವ ಗೇರುಗಳ ಗುಂಪು ಸೇರಿ ಆ ಕೆಲಸ ಮಾಡುತ್ತವೆ. ಹೋಂಡಾ ಸಿಟಿಯ ಹೈಬ್ರಿಡ್‌ನಲ್ಲಿ ಹೆಚ್ಚಿನ ಹೊತ್ತು ಚಕ್ರವನ್ನು ತಿರುಗಿಸುವುದು ಮೋಟಾರು. ಜಾರದಂತೆ ಹಿಡಿಯಬೇಕಾದ ಬೆಲ್ಟೇ ಇಲ್ಲದ ಮೇಲೆ ಇಲ್ಲಿ ಬೇಕಾಗುವುದು ಎಟಿಎಫ್ ಜಾತಿಯ ಎಣ್ಣೆ. ಯಾವುದೆಂಬುದನ್ನು ಅಣ್ಣನ ಕೈಪಿಡಿಯಲ್ಲಿ ನೋಡಿ. ಮೊದಲ ಪ್ರಶ್ನೆಯಲ್ಲಿ ಯಾವುದನ್ನು ಬೇಡವೆಂದೆನೋ ಅದೇ ಇಲ್ಲಿ ಸರಿಯಾಗುತ್ತದೆ.

ಸ್ಕೂಟರಿನದು ಮಾತ್ರ ನಿಜವಾದ ಸಿವಿಟಿ, ಆದರೆ ಒಣ ಸಿವಿಟಿ. ನೆದರ್ಲೆಂಡ್ಸಿನ ಡಾಫ್ ಕಂಪನಿ 1958ರಲ್ಲಿ ಜನರ ಮುಂದಿಟ್ಟ ಡಾಫ್ 600 ಕಾರಿನಲ್ಲಿಯೂ ಹೀಗೆಯೇ ರಬ್ಬರ್ ಬೆಲ್ಟುಗಳಿದ್ದವು. ರಬ್ಬರ್ ತನ್ನ ಹಿಡಿತದಿಂದಲೇ ಓಡುವುದರಿಂದ ಅದಕ್ಕೆ ಎಣ್ಣೆ ಬೇಕಿಲ್ಲ. ನಿಮ್ಮ ಸ್ಕೂಟರಿನಲ್ಲಿ ಎಣ್ಣೆ ಇರುವುದು ಹಿಂದಿನ ಚಕ್ರದ ಪಕ್ಕದ ಸಣ್ಣ ಗೇರ್ ಪೆಟ್ಟಿಗೆಯಲ್ಲಿ, ಅದೂ ನೂರು ಮಿ.ಲೀ. ಆಸುಪಾಸಿನಷ್ಟು, ಅದನ್ನು ಕೈಪಿಡಿ ಹೇಳಿದ ಅವಧಿಗೆ ಬದಲಿಸಿ. ಆ ಪೆಟ್ಟಿಗೆಯ ಸೀಲ್ ಸೋರಿ ಬೆಲ್ಟಿಗೆ ಎಣ್ಣೆ ತಾಗಿದ್ದರೆ ಒರೆಸಿ ಮತ್ತೆ ಹಾಕಬೇಡಿ. ಸೀಲನ್ನೂ ಬೆಲ್ಟನ್ನೂ ಒಟ್ಟಿಗೆ ಹೊಸದು ಹಾಕಿಸಿ, ಪುಲ್ಲಿಗಳನ್ನು ಜಿಡ್ಡು ಹೋಗುವಂತೆ ತೊಳೆಸಿ.